ಟೆಕ್ಸಾಸಿನಲ್ಲಿದ್ದ ಬಸ್ಸಾಮ್

ಹಗಲೆಲ್ಲ ನಾನು ಕಾರುಗಳ ಸೈಲೆನ್ಸರ್ ಬದಲಿಸುತ್ತೇನೆ. ಉಳಿದ ಹೊತ್ತಿನಲ್ಲಿ, ನಾವು ಅರಬರೋ ಅಮೆರಿಕನ್ನರೋ ಎಂದು ಇಂಗ್ಲಿಷಿನಲ್ಲಿ ಕಥೆ, ಪ್ರಬಂಧ ಬರೆದು ಕೊರಗುತ್ತೇನೆ. ಮೊದಲನೆಯದರಿಂದ ಅಮೆರಿಕದ ಈ ಡಿಯರ್‌ಬಾರ್ನ್ ಊರಿನ ಜನಕ್ಕೆ ಉಪಯೋಗವಿದೆ.

ಉಮ್ ಬಸ್ಸಾಮ್ ವಾರೆನ್ ರಸ್ತೆಯ ರೊಟ್ಟಿ ಅಂಗಡಿಯಲ್ಲಿ ನಲವತ್ತೊಂದು ವರ್ಷದಿಂದ ಒಲೆಯ ಮುಂದೆ ನಿಂತವಳು. ದಕ್ಷಿಣ ಲೆಬನಾನಿನ ಹಳ್ಳಿಯಿಂದ ಮದುವಣಗಿತ್ತಿಯಾಗಿ ಬಂದಳು; ಗಂಡ ಕಾರ್ಖಾನೆಯಲ್ಲಿ ಕಾರಿನ ಬಾಗಿಲು ಜೋಡಿಸುತ್ತಿದ್ದ, ತೀರಿಕೊಂಡು ಹನ್ನೆರಡು ವರ್ಷವಾಯಿತು. ಒಲೆಯ ಝಳಕ್ಕೆ ಅವಳ ಬಲಹುಬ್ಬು ಉದುರಿದೆ. ಬೆಳಿಗ್ಗೆ ಪೆನ್ಸಿಲಿನಲ್ಲಿ ಬರೆದುಕೊಂಡ ಹುಬ್ಬು ಮಧ್ಯಾಹ್ನಕ್ಕೆ ಕೆನ್ನೆಗಿಳಿದಿರುತ್ತದೆ. ಸಾವಿನ ಮನೆಗೆ ಮೂರು ದಿನ ರೊಟ್ಟಿ ಕಳಿಸುತ್ತಾಳೆ, ಸತ್ತವನ ಜೊತೆ ಮಾತು ಬಿಟ್ಟಿದ್ದರೂ.

ಅವಳಿಗೆ ಬಸ್ಸಾಮ್ ಎಂಬ ಮಗನಿಲ್ಲ. ಮಕ್ಕಳೇ ಇಲ್ಲ. ಉಮ್ ಎಂದರೆ ತಾಯಿ; ನಮ್ಮಲ್ಲಿ ಮದುವೆಯಾದವಳನ್ನು ಹಿರಿಮಗನ ತಾಯಿ ಎಂದೇ ಕರೆಯಬೇಕು. ಮಗ ಹುಟ್ಟುವ ಮೊದಲೇ ಅವನ ತಾತನ ಹೆಸರು ಹಿಡಿದು ಕರೆಯಲು ಶುರುಮಾಡುತ್ತೇವೆ. ಹುಟ್ಟದಿದ್ದರೆ ಹೆಸರು ಹಾಗೇ ಉಳಿಯುತ್ತದೆ. ಹಳಬರಿಗೆಲ್ಲ ಗೊತ್ತು, ಯಾರೂ ಬಾಯಿ ಬಿಡುವುದಿಲ್ಲ.

ಗೊತ್ತಿಲ್ಲದವಳು ಉಮ್ ಹಾತೆಮ್. ಹತ್ತು ವರ್ಷದ ಹಿಂದೆ ಬಾಗ್ದಾದಿನಿಂದ ಬಂದವಳು, ರೊಟ್ಟಿಗೆ ಬಂದ ಮೊದಲ ಮಂಗಳವಾರವೇ ಕೇಳಿದಳು: "ಬಸ್ಸಾಮ್ ಹೇಗಿದಾನೆ?"

ಉಮ್ ಬಸ್ಸಾಮ್ ಒಲೆಯ ಕಡೆ ತಿರುಗಿ, "ಟೆಕ್ಸಾಸಲ್ಲಿದಾನೆ. ಕೆಲ್ಸ ಜಾಸ್ತಿ," ಅಂದುಬಿಟ್ಟಳು.

ಆಮೇಲೆ ಪ್ರತಿ ಮಂಗಳವಾರ ಬಸ್ಸಾಮ್ ಬೆಳೆದ. ಸಿಗರೇಟು ಬಿಟ್ಟ, ಮೇಲಧಿಕಾರಿಯ ಜೊತೆ ಜಗಳವಾಡಿದ. ಸಾಲಿನಲ್ಲಿ ನಿಂತ ನಾವೂ ಕೈಲಾದದ್ದು ಸೇರಿಸಿದೆವು. ಅವನ ಮೀಸೆ ನನ್ನ ಕೊಡುಗೆ.

ಹೋದ ವರ್ಷ ನಾನು ಅವಳ ಮೇಲೆ ಪ್ರಬಂಧ ಬರೆದೆ. "ಇಲ್ಲದ ಮಗನಿಗೆ ಸೇರಿದವಳು, ಇಲ್ಲದ ಊರಿಗೆ ಸೇರಿದ ನಮ್ಮೆಲ್ಲರ ಹಾಗೆ" ಎಂಬ ವಾಕ್ಯ ಹೊಳೆದ ದಿನ ಕನ್ನಡಿಯಲ್ಲಿ ನನ್ನನ್ನೇ ಎರಡು ಸಲ ನೋಡಿಕೊಂಡೆ. ಹೆಸರು ಬದಲಿಸಲಿಲ್ಲ. ಅದುವರೆಗೆ ನನ್ನ ಬರಹ ಓದಿದವರು ಮೂವರು, ಅದರಲ್ಲಿ ಇಬ್ಬರು ನಾನೇ. ಅದು ಪತ್ರಿಕೆಯಲ್ಲಿ ಅಚ್ಚಾಯಿತು. ಗ್ರಂಥಾಲಯದವರು ಹೆಮ್ಮೆಯಿಂದ ಗೋಡೆಗೆ ಅಂಟಿಸಿದರು. ಉಮ್ ಹಾತೆಮಳ ಮೊಮ್ಮಗಳು ಅಜ್ಜಿಗೆ ಅದನ್ನು ಓದಿ ಹೇಳಿದಳು. ಎರಡು ಮಂಗಳವಾರ ಉಮ್ ಹಾತೆಮ್ ಬರಲಿಲ್ಲ.

ಮೂರನೆಯದರಂದು ಕೈಗೆ ಹತ್ತಿದ ಗ್ರೀಸನ್ನೂ ಒರೆಸದೆ ಅಂಗಡಿಗೆ ಹೋದೆ.

"ತಪ್ಪಾಯ್ತು," ಅಂದೆ ಉಮ್ ಬಸ್ಸಾಮಳಿಗೆ.

"ನೀನು ಬರೆದಿದ್ದು ಸುಳ್ಳೇನೋ ನಬೀಹ್?"

"ಅಲ್ಲ."

"ಮತ್ತೆ ಯಾಕೆ ಹೆಣ ಹೊತ್ತವನ ಥರ ನಿಂತಿದೀಯ? ಪಕ್ಕಕ್ಕೆ ಸರಿ, ಗಾಳಿ ಬರ್ಲಿ."

"ಎಲ್ರ ಮುಂದೆ ನಿಮ್ಮ ಮಾನ ತೆಗ್ದೆ."

"ನನ್ನ ಮಾನಾನಾ?" ಹಿಟ್ಟಿನ ಉಂಡೆಯನ್ನು ಹಲಗೆಗೆ ಬಡಿದಳು. "ನಾನು ಹೇಗೋ ಇರ್ತೀನಿ ಕಣೋ. ಅವಳ ಹಾತೆಮ್ ಬಾಗ್ದಾದಲ್ಲೇ ಬಾಂಬಿಗೆ ಸಿಕ್ಕಿ ಹೋದ. ಇಪ್ಪತ್ತಾರು ವಯಸ್ಸು. ಅವನ ಮಾತೆತ್ತೋಕೆ ಅವಳಿಗೆ ಬಾಯಿ ಬರಲ್ಲ. ನನ್ನವನ ಬಗ್ಗೆ ಕೇಳೋಳು, ಊಟ ಮಾಡ್ತಾನಾ, ಶೀತಕ್ಕೆ ಏನು ತಗೊಂಡ ಅಂತ. ವಾರಕ್ಕೊಂದ್ಸಲ ಒಬ್ಬ ಮಗನ ಮಾತಾಡಿ ಹೋಗೋಳು. ಈಗ ಯಾರನ್ನ ಕೇಳ್ತಾಳೆ?"

ಹಾತೆಮನ ಸುದ್ದಿ ನನಗೆ ಗೊತ್ತಿರಲಿಲ್ಲ. ಹತ್ತು ವರ್ಷ ಅದೇ ಸಾಲಿನಲ್ಲಿ ಅವಳ ಹಿಂದೆ ನಿಂತು ನಾನು ಬರೀ ಮೀಸೆ ಬೆಳೆಸಿದ್ದೆ.

ಬಾಗಿಲು ತೆರೆಯಿತು. ಉಮ್ ಹಾತೆಮ್. ಸಾಲು ತಾನಾಗಿ ದಾರಿ ಬಿಟ್ಟಿತು.

"ಆರು ರೊಟ್ಟಿ, ಉಮ್ ಬಸ್ಸಾಮ್."

"ಮೇಲೆ ಝಾತರ್ ಪುಡಿ ಹಾಕ್ಲಾ?"

"ಎರಡಕ್ಕೆ ಹಾಕು."

ಉಮ್ ಬಸ್ಸಾಮ್ ರೊಟ್ಟಿಗಳನ್ನು ಒಂದೊಂದಾಗಿ ಒಲೆಯಿಂದ ತೆಗೆದು, ಬೇಕಾದ್ದಕ್ಕಿಂತ ನಿಧಾನವಾಗಿ ಕಾಗದದಲ್ಲಿ ಸುತ್ತಿದಳು. ನಡುವೆ ಎರಡು ಸಲ ತಲೆಯೆತ್ತಿದಳು. ಉಮ್ ಹಾತೆಮ್ ಬಾಯಿ ತೆರೆದಳು, ನನ್ನನ್ನು ನೋಡಿದಳು, ಮುಚ್ಚಿದಳು. ಪೊಟ್ಟಣವನ್ನು ಎದೆಗೊತ್ತಿಕೊಂಡು ಹೊರಟುಹೋದಳು.

"ಮುಂದಿನೋರು," ಅಂದಳು ಉಮ್ ಬಸ್ಸಾಮ್. ಸಾಲಿನಲ್ಲಿ ಮುಂದಿನವನು ನಾನೇ.