ನನ್ನ ಹೆಸರಿನ ಟಂಟಂ

ಲಿಂಗಸುಗೂರಿನ ಕೋರ್ಟಿಗೆ ಆ ದಿನ ನಾನು ಹೋಗಲಿಲ್ಲ. ಜ್ವರ ಎಂದು ಫೋನಿನಲ್ಲಿ ಹೇಳಿದೆ. ಜ್ವರ ಇರಲಿಲ್ಲ. ನನ್ನ ತಮ್ಮ ಕೋರ್ಟಿನ ಬಾಗಿಲಲ್ಲಿ ನಿಂತು ನನ್ನ ಹಾದಿ ಕಾಯಲಿ ಎಂಬುದೊಂದೇ ಆಸೆ ಇತ್ತು.

ಗಾಡಿ ಅವನದು, ಹೆಸರು ನನ್ನದು. ಮಸ್ಕಿಯಲ್ಲಿ ಬಾಡಿಗೆಗೆ ಓಡಿಸಲು ಅವನು ಟಂಟಂ ಆಟೋ ಕೊಂಡಾಗ, ಮನೆಯ ಹೆಣ್ಣುಮಗಳ ಹೆಸರಿನಲ್ಲಿದ್ದರೆ ಏಳಿಗೆಯಾಗುತ್ತದೆ ಎಂದು ಅವ್ವ ಹಟ ಹಿಡಿದಳು. ದಢೇಸುಗೂರಿಗೆ ಕೊಟ್ಟ ನನ್ನನ್ನು ಕರೆಸಿ ಸಹಿ ಮಾಡಿಸಿದರು. ನಾಲ್ಕನೇ ಇಯತ್ತೆ ಕಲಿತವಳು. ಒಂದೊಂದೇ ಅಕ್ಷರ ಕೂಡಿಸಿ ಬರೆದೆ.

ನಾಗರ ಪಂಚಮಿಗೆ ಅಣ್ಣನೋ ತಮ್ಮನೋ ಬಂದು ಕರೆಯದೆ ತವರಿಗೆ ಹೋಗುವ ರೂಢಿ ನಮ್ಮಲ್ಲಿಲ್ಲ. ಪ್ರತಿ ವರ್ಷ ಅವನು ಅದೇ ಗಾಡಿಯಲ್ಲಿ ಬರುತ್ತಿದ್ದ. ಆ ವರ್ಷ ಹೊಸ ಸೀರೆ ಉಟ್ಟು ಸಂಜೆಯವರೆಗೂ ಹೊರಗಿನ ಕಟ್ಟೆಯ ಮೇಲೆ ಕೂತೆ. ಕೊನೆಗೆ ಫೋನ್ ಬಂತು.

"ಬಾಡಿಗಿ ಭಾಳ ಬಂದಾವ ಯಕ್ಕಾ. ಬಸ್ಸಿಗೆ ಬಂದುಬಿಡು."

ಹಬ್ಬಕ್ಕೆಂದು ಬೇರೆ ಹೆಣ್ಣುಮಕ್ಕಳನ್ನು ಅವರವರ ತವರಿಗೆ ಬಿಟ್ಟುಬರುತ್ತಿದ್ದನಂತೆ. ಪಕ್ಕದ ಮನೆಯವಳು ಚುಚ್ಚದೆ ಬಿಡಲಿಲ್ಲ. "ನಿನ್ನ ಹೆಸರಿನ ಗಾಡ್ಯಾಗ ಊರ ಮಂದೆಲ್ಲ ತವರಿಗೆ ಹೋಗ್ಯಾರ. ನಿನಗಷ್ಟ ಜಾಗ ಇಲ್ಲೇನ ಬೇ?"

ನಾನು ಬಸ್ಸು ಹತ್ತಲಿಲ್ಲ. ಆ ಮಾತನ್ನು ಮರೆಯಲೂ ಇಲ್ಲ.

ಭತ್ತದ ಕೊಯ್ಲಿಗೆ ಸ್ವಲ್ಪ ಮುಂಚೆ ಅವನ ಗಾಡಿ ಒಂದು ಬೈಕಿಗೆ ತಾಗಿ, ಸವಾರನ ಕಾಲು ಮುರಿಯಿತು. ಪೊಲೀಸರು ಗಾಡಿಯನ್ನು ಮಸ್ಕಿ ಠಾಣೆಗೆ ಒಯ್ದರು. ಬಿಡಿಸಲು ಕೋರ್ಟಿಗೆ ಅರ್ಜಿ ಹಾಕಬೇಕು, ಹೆಸರಿದ್ದವರೇ ಬರಬೇಕು ಎಂದು ವಕೀಲರು ಹೇಳಿದರಂತೆ. ತಮ್ಮ ನಮ್ಮ ಮನೆಗೆ ಬಂದ.

"ಬಸ್ಸಿಗೆ ಬಂದಿಯೇನ?" ಎಂದು ಕೇಳಿದೆ. ಚಹಾ ಕೊಟ್ಟೆ. ಅವನ ಮುಖ ಸಣ್ಣದಾದದ್ದು ನೋಡಿ ನನಗೆ ಹಿತವಾಯಿತು.

"ಜಡ್ಜ್ ಮುಂದ ನೀನ ನಿಂದರಬೇಕಂತ ಯಕ್ಕಾ. ಗಾಡಿ ಇಲ್ಲಂದ್ರ ಈ ಸುಗ್ಗಿ ಹೋದಂಗ."

"ಬರ್ತೀನಿ ತಗೋ" ಎಂದೆ. ಹೋಗಲಿಲ್ಲ. ಕೋರ್ಟು ಮುಂದಿನ ತಾರೀಖು ಕೊಟ್ಟಿತು. ಅದಕ್ಕೂ ಜ್ವರವೆಂದೆ. ಅವನು ನಂಬಿ, ಮಾತ್ರೆ ತಗೋ ಎಂದ. ಫೋನಿಟ್ಟು ನಾನು ಸುಮ್ಮನೆ ಅಕ್ಕಿ ಆರಿಸುತ್ತಾ ಕೂತೆ. ಇನ್ನೂ ಕಾಯಲಿ ಅನ್ನಿಸಿತು.

ಸುಗ್ಗಿಯ ನಡುವೆ ಸಿಂಧನೂರಿನ ಸಂತೆಗೆ ಹೋದಾಗ ಅವನನ್ನು ಕಂಡೆ. ಬೆನ್ನ ಮೇಲೆ ಚೀಲ ಹೊತ್ತು ಲಾರಿಗೆ ತುಂಬುತ್ತಿದ್ದ. ಜೊತೆಯ ಹಮಾಲನೊಬ್ಬ, "ಲೇ ಡ್ರೈವರಾ, ಹಾರನ್ ಹೊಡಿ, ಹಾದಿ ಬಿಡ್ತೀವಿ" ಎಂದ. ಎಲ್ಲರೂ ನಕ್ಕರು. ತಮ್ಮನೂ ನಕ್ಕ. ನಾನು ನೋಡಬೇಕೆಂದಿದ್ದನ್ನೇ ನೋಡಿದ್ದೆ. ಕಾಯಿಪಲ್ಲೆ ಕೊಳ್ಳದೆ ವಾಪಸ್ ಬಸ್ಸು ಹತ್ತಿದೆ. ಸಿಟ್ಟು ಹೋಯಿತೆಂದು ಹೇಳಲಾರೆ. ಆದರೆ ಅವನು ನಕ್ಕ ರೀತಿ ಕಣ್ಣ ಮುಂದಿನಿಂದ ಹೋಗಲಿಲ್ಲ.

ಮುಂದಿನ ತಾರೀಖಿಗೆ ನಾನೇ ಹೋದೆ. "ಗಾಡಿ ನಿಮ್ಮದೇನಮ್ಮ?" ಎಂದು ಜಡ್ಜ್ ಸಾಹೇಬರು ಕೇಳಿದರು. "ನನ್ನ ಹೆಸರಿಲೆ ಐತ್ರಿ" ಎಂದೆ. ಗಾಡಿ ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ತಂದು ತೋರಿಸಬೇಕು ಎಂದು ಓದಿ ಹೇಳಿದರು. ಹೊಲದ ಪಹಣಿ ತಂದಿದ್ದ ನನ್ನ ಗಂಡ ಜಾಮೀನು ನಿಂತ. ಮುಗಿಯಿತು. ಇಷ್ಟು ಸಣ್ಣ ಕೆಲಸಕ್ಕೆ ನಾನು ಅವನ ಇಡೀ ಸುಗ್ಗಿಯನ್ನು ತಿಂದಿದ್ದೆ.

ಆದೇಶ ಹಿಡಿದು ತಮ್ಮನೊಂದಿಗೆ ಮಸ್ಕಿ ಠಾಣೆಗೆ ಹೋದೆವು. ಟಂಟಂನ ಗಾಲಿಗಳು ಗಾಳಿಯಿಲ್ಲದೆ ಕೂತಿದ್ದವು, ಸೀಟನ್ನು ಇಲಿಗಳು ಕಡಿದಿದ್ದವು. ತಮ್ಮ ಟವೆಲಿನಿಂದ ಗಾಜು ಒರೆಸುತ್ತಾ, ನನ್ನ ಕಡೆ ನೋಡದೆ ಕೇಳಿದ: "ಜ್ವರ ಭಾಳ ಕಾಡ್ತೇನ ಯಕ್ಕಾ? ಸೊರಗೀದಿ."

ಸುಳ್ಳು ಹೇಳಲು ಬಾಯಿ ಬರಲಿಲ್ಲ.

"ಜ್ವರ ಬಂದಿದ್ದಿಲ್ಲೋ ತಮ್ಮಾ. ಎರಡೂ ಸಲ ಬೇಕಂತನ ಬರಲಿಲ್ಲ. ಪಂಚಮಿ ಸಿಟ್ಟು ನಿನ್ನ ಹೊಟ್ಟಿಮ್ಯಾಲ ತೀರಿಸಿಕೊಂಡೆ. ನಂದು ತಪ್ಪಾತು."