ಮೂಲ ಚಿತ್ರದಲ್ಲಿಲ್ಲದ ರಾಜ

ನಮ್ಮ ಮನೆಯೊಡತಿಯ ಬಲಗೈ ತೋರುಬೆರಳಿನ ಉಗುರು ದಪ್ಪಗೆ, ಹಳದಿಯಾಗಿ, ಉಳಿಯಂತಿತ್ತು. ಚರ್ಚಿನ ಮೆಟ್ಟಿಲ ಮೇಲೆ ಹೆಪ್ಪುಗಟ್ಟಿದ ಮೇಣವನ್ನೂ ನಮ್ಮ ಬಚ್ಚಲಿನ ನಲ್ಲಿಗೆ ಕಟ್ಟಿದ ಸುಣ್ಣವನ್ನೂ ಅವರು ಅದರಲ್ಲೇ ಕೆರೆದು ತೆಗೆಯುತ್ತಿದ್ದರು. "ಕೊಳೆ ತಾನಾಗಿ ಹೋಗುವುದಿಲ್ಲ, ಹೆರ್ ಇಂಜಿನಿಯರ್" ಎನ್ನುತ್ತಿದ್ದರು. ನನ್ನ ಹೆಸರನ್ನು ಅವರು ಒಮ್ಮೆಯೂ ಹೇಳಲಿಲ್ಲ.

ಜರ್ಮನಿಯವರು ಹೊರಗಿನ ಇಂಜಿನಿಯರುಗಳಿಗೆ ಕೊಡುತ್ತಿದ್ದ ಐದು ವರ್ಷದ ಗ್ರೀನ್ ಕಾರ್ಡ್ ಹಿಡಿದು ರೇಗನ್ಸ್‌ಬರ್ಗ್‌ಗೆ ಹೋದ ಹೊಸತು. ಕೆಳಗೆ ಅವರು, ಮೇಲೆ ನಾವು. ನನ್ನ ಜರ್ಮನ್ ಕೇಳಲಾರದೆ ತಾವೇ ಕಲಿಸಲು ನಿಂತರು. ಪಾಠ ನಡೆಯುತ್ತಿದ್ದುದು ಚರ್ಚಿನಲ್ಲಿ, ಬಲಿಪೀಠದ ಹಿಂದಿನ ಐನೂರು ವರ್ಷ ಹಳೆಯ ಚಿತ್ರದ ಮುಂದೆ. ಅವರು ಚರ್ಚಿನ ಸಮಿತಿಯಲ್ಲಿದ್ದರು. ಬಂದವರಿಗೆ ಚಿತ್ರದ ಕಥೆ ಹೇಳುವ ಕೆಲಸವೂ ಅವರದೇ. ಹಸುಗೂಸು ಯೇಸುವಿಗೆ ಕಾಣಿಕೆ ತಂದ ಮೂವರು ರಾಜರು. ಮೂರನೆಯವನು ಕಪ್ಪು, ನಮ್ಮ ಕಡೆಯ ಎರೆಮಣ್ಣಿನ ಕಪ್ಪು. ಆ ಕಥೆಯನ್ನು ನಾನು ಒಪ್ಪಿಸಬೇಕು. ತಪ್ಪಿದರೆ ಉಗುರು ಮೊಣಕೈಗೆ ನಾಟುತ್ತಿತ್ತು.

"ಆ ಮುದುಕಿ ಕಡೆ ಬೈಸ್ಕೊಳ್ಳಾಕ ಪ್ರತಿ ಐತವಾರ ಹೋಗ್ತೀರಲ್ರಿ! ಬ್ಯಾರೆ ಮನಿ ಹುಡಕ್ರಿ" ಎಂದು ಹೆಂಡತಿ ರೇಗುತ್ತಿದ್ದಳು.

"ಇರಲಿ ತಡಿ. ಅಲ್ಲಿ ನಮ್ಮಾಂವ ಒಬ್ಬ ಅದಾನ" ಎನ್ನುತ್ತಿದ್ದೆ.

ಮರುವರ್ಷ ಚಿತ್ರವನ್ನು ದುರಸ್ತಿ ಮಾಡಲು ಬಂದವರಿಗೆ ಆ ಕಪ್ಪಿನಡಿಯಲ್ಲಿ ಬಿಳಿಯ ಮುಖವೊಂದು ಕಂಡಿತು. ಮೊದಲು ಬರೆದದ್ದು ಅದೇ. ನೂರು ವರ್ಷದ ಬಳಿಕ ಯಾರೋ ಕಪ್ಪು ಬಳಿದಿದ್ದರು. ಉಳಿಸುವುದೋ ಕೆರೆಯುವುದೋ ಸಮಿತಿ ತೀರ್ಮಾನಿಸಬೇಕಿತ್ತು. ಅರ್ಧ ಜನ ಇರಲಿ ಎಂದರು, ಅರ್ಧ ಜನ ಬೇಡ ಎಂದರು. ಉಳಿದದ್ದು ನಮ್ಮ ಮನೆಯೊಡತಿಯ ಮತವೊಂದೇ. ನಾನು ನಾಚಿಕೆ ಬಿಟ್ಟು ಕೆಳಗಿಳಿದು ಅವರ ಬಾಗಿಲು ತಟ್ಟಿದೆ. ಕಲಿತ ಜರ್ಮನ್ ಅಷ್ಟನ್ನೂ ಸುರಿದು, ಅವನನ್ನು ಉಳಿಸಿ ಎಂದು ಬೇಡಿಕೊಂಡೆ. ಅವರು ಪೂರ್ತಿ ಕೇಳಿಸಿಕೊಂಡರು.

"ಒಂದೂ ತಪ್ಪಿಲ್ಲ" ಎಂದರು. ಅವರ ಬಾಯಿಂದ ನನಗೆ ಸಿಕ್ಕ ಹೊಗಳಿಕೆ ಅದೊಂದೇ. ಆಮೇಲೆ ಹೇಳಿದರು: "ನೀವು ಐದು ವರ್ಷಕ್ಕೆಂದು ಬಂದಿರಿ. ಅವನು ನಾನೂರು ವರ್ಷ ನಿಂತ. ಎಷ್ಟು ಕಾಲ ನಿಂತರೇನು? ಮೂಲ ಚಿತ್ರದಲ್ಲಿ ನೀವಿಬ್ಬರೂ ಇರಲಿಲ್ಲ."

ಕೆರೆಯುವ ದಿನ ನನ್ನನ್ನು ಬರಹೇಳಿ ಪಕ್ಕದಲ್ಲೇ ನಿಲ್ಲಿಸಿಕೊಂಡರು. ಸಣ್ಣ ಚಾಕುವಿನ ತುದಿಯಿಂದ ಅವನ ಹಣೆ, ಕೆನ್ನೆ, ತುಟಿ ಕಪ್ಪು ಪುಡಿಯಾಗಿ ಉದುರಿದವು. ಅಷ್ಟು ಹೊತ್ತೂ ಅವರು ನೋಡುತ್ತಿದ್ದುದು ಚಿತ್ರವನ್ನಲ್ಲ, ನನ್ನ ಮುಖವನ್ನು. ಅದನ್ನು ನಾನು ಇವತ್ತಿಗೂ ಕ್ಷಮಿಸಿಲ್ಲ.

ಅವರು ತೀರಿಕೊಂಡಾಗ ಶವಪೆಟ್ಟಿಗೆಯನ್ನು ಇಟ್ಟದ್ದು ಆ ಚಿತ್ರದ ಮುಂದೆಯೇ. ನನಗೆ ಅಳು ಬರಲಿಲ್ಲ. ಗ್ರೀನ್ ಕಾರ್ಡಿನ ಐದು ವರ್ಷ ಮುಗಿದ ಮೇಲೂ ನಾನು ಅಲ್ಲೇ ಉಳಿದೆ. ಕಥೆಯನ್ನು ತಪ್ಪಿಲ್ಲದೆ ಹೇಳಬಲ್ಲವರು ಬೇರಾರೂ ಇರಲಿಲ್ಲವೆಂದು ಚರ್ಚಿನವರು ನನ್ನನ್ನೇ ಕರೆದರು. ಈಗ ಐತವಾರ ಬಂದವರಿಗೆ ನಾನೇ ಹೇಳುತ್ತೇನೆ. ಒಂದೊಂದು ಮಾತೂ ಅವರು ಕೊಟ್ಟದ್ದು. ಆ ಋಣ ತೀರುವಂಥದ್ದಲ್ಲ. ಕಪ್ಪು ರಾಜ ಮೂಲದಲ್ಲಿ ಇರಲಿಲ್ಲವೆಂಬುದನ್ನೂ ಅವರ ದನಿಯಲ್ಲೇ ಹೇಳುತ್ತೇನೆ. ಆಗ ಬಂದವರೆಲ್ಲ ಚಿತ್ರ ಬಿಟ್ಟು ನನ್ನ ಮುಖ ನೋಡುತ್ತಾರೆ.