ಖಳನಾಯಕನ ಬೆನ್ನು ಹತ್ತಿದ ಸುಮಲತಾ

ಕಂಪ್ಲಿ ಬಸ್ ನಿಲ್ದಾಣದ ಹಿಂದಿನ ಓಣಿಯಲ್ಲಿ ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಹೊಸಪೇಟೆಯಿಂದ ಬಂದ ಮೊದಲ ಬಸ್ಸಿನಿಂದ ಇಳಿದ ಸುಮಲತಾ ಓಡುವ ಹಾಗೆ ನಡೆಯುತ್ತಿದ್ದಾರೆ. ಒಂದು ಹೆಗಲಿಗೆ ಕ್ಯಾಮೆರಾ ಚೀಲ, ಇನ್ನೊಂದಕ್ಕೆ ಸ್ಟ್ಯಾಂಡು. "ಜಲ್ದಿ ಬರ್ರಿ ಸರ್. ಅಕ್ಕಿ ಗಿರಣಿ ಚಾಲೂ ಆತಂದ್ರ ಮುಗೀತು. ಅಜ್ಜಾರ ಮಾತಿನ ಬದ್ಲಿ ಬರೇ ಗಿರ್ ಅನ್ನೋ ಸದ್ದು ರೆಕಾರ್ಡ್ ಆಗತೈತಿ" ಎಂದು ಹಿಂದೆ ಬರುತ್ತಿರುವ ವರದಿಗಾರನಿಗೆ ತಿರುಗಿ ನೋಡದೆಯೇ ಹೇಳುತ್ತಾರೆ.

ಅವರ ಅವಸರಕ್ಕೆ ಗಿರಣಿಯೊಂದೇ ಕಾರಣವಲ್ಲ. ಅಜ್ಜಾರು ಅಂದರೆ ಎಮ್ಮಿಗನೂರಿನಲ್ಲಿ ಹುಟ್ಟಿ, ನಾಟಕ ಕಂಪನಿ ಸೇರಿ, ಅಲ್ಲಿಂದ ಮದರಾಸಿನ ಸ್ಟುಡಿಯೊಗಳಿಗೆ ಹೋದ ವಿರುಪಾಕ್ಷಪ್ಪ. ಕಪ್ಪು ಬಿಳುಪಿನ ಕಾಲದ ಚಿತ್ರಗಳಲ್ಲಿ ಕ್ರೂರ ಸಾಹುಕಾರ, ಕಳ್ಳ ಸ್ವಾಮಿ, ಸೊಸೆಯನ್ನು ಬಾವಿಗೆ ನೂಕುವ ಮಾವ, ಇಂಥವೇ ಪಾತ್ರ ಮಾಡಿದವರು. ಹೋದ ವರ್ಷ ಲಕ್ವ ಹೊಡೆದು ಅವರ ಬಲಗೈ ಬಿದ್ದುಹೋಗಿದೆ. ಬೆಳಗಿನ ಹೊತ್ತು ನಾಲಿಗೆ ಒಂದಿಷ್ಟು ತಿರುಗುತ್ತದೆ. ಬಿಸಿಲೇರಿದಂತೆ ಮಾತು ತೊದಲಿ ತೊದಲಿ ನಿಂತೇ ಹೋಗುತ್ತದೆ. ಅಷ್ಟರೊಳಗೆ ಅವರ ಬದುಕನ್ನು ಟೇಪಿಗೆ ಇಳಿಸಿಕೊಳ್ಳಬೇಕು. ಈ ಸಾಕ್ಷ್ಯಚಿತ್ರ ಮಾಡು ಎಂದು ಸುಮಲತಾಗೆ ಯಾರೂ ಹೇಳಿಲ್ಲ.

ಪಡಸಾಲೆಯಲ್ಲಿ ವಿರುಪಾಕ್ಷಪ್ಪ ಆಗಲೇ ಇಸ್ತ್ರಿ ಅಂಗಿ ತೊಟ್ಟು ಕುಳಿತಿದ್ದಾರೆ. ಹೆಂಡತಿ ಉಚ್ಚೆಂಗಮ್ಮ ಅವರ ಮುಖಕ್ಕೆ ಪೌಡರು ಹಚ್ಚುತ್ತಿದ್ದಾರೆ. "ಸ್ವಲ್ಪ ಕಮ್ಮಿ ಹಚ್ಚು. ಹೀರೋ ಕಂಡಂಗ ಕಂಡೇನು" ಎನ್ನುತ್ತಾರೆ ಅಜ್ಜ. ಸುಮಲತಾ ನಗುವುದಿಲ್ಲ. ಮೈಕು ಸಿಕ್ಕಿಸಿ, ಕಿಟಕಿ ಮುಚ್ಚಿ, ಬಾಗಿಲು ತೆರೆದು, ಮತ್ತೆ ಕಿಟಕಿ ತೆರೆದು, ಬೆಳಕು ಹೊಂದಿಸುವುದರಲ್ಲೇ ಇದ್ದಾರೆ.

ಸುಮಲತಾ ಕುರೆಕುಪ್ಪದ ಕೂಲಿಕಾರರ ಮಗಳು. ಮದುವೆಯಾಗಿ ಹೊಸಪೇಟೆಗೆ ಬಂದಾಗ ಗಂಡ ಮಾಲತೇಶ್ ಅವರದು ಸಣ್ಣ ಫೋಟೊ ಸ್ಟುಡಿಯೊ. ಅರಿಶಿನ ಹಚ್ಚುವ ಶಾಸ್ತ್ರಕ್ಕೆ ಗಂಡಸರು ಒಳಗೆ ಬರುವುದು ಬೇಡ ಎಂದು ಒಂದು ಮನೆಯವರು ಹಟ ಹಿಡಿದರು. ಮಾಲತೇಶ್ ಹೆಂಡತಿಯ ಕೈಗೆ ಕ್ಯಾಮೆರಾ ಕೊಟ್ಟು ಕಳಿಸಿದರು. ಅಂದು ಹಿಡಿದ ಕ್ಯಾಮೆರಾವನ್ನು ಆಕೆ ಮತ್ತೆ ಇಳಿಸಿಲ್ಲ. ಈಗ ಗಣಿ ದುಡ್ಡಿನ ಕಾಲ. "ಮೊದ್ಲು ಮನಿ ಮುಂದ ಚಪ್ಪರ ಹಾಕಿ ಮದಿವಿ ಮಾಡ್ತಿದ್ರು. ಈಗ ಅರಮನಿ ಸೆಟ್ಟು ಹಾಕಸ್ತಾರ, ಕ್ರೇನಿನ ಮ್ಯಾಲಿಂದ ತಗೀರಿ ಅಂತಾರ. ಮದುಮಗಳ ಮುಖಕ್ಕಿಂತ ಆಕಿ ಇಳಿಯೋ ಕಾರು ಹೆಚ್ಚು ತೋರಸ್ಬೇಕು."

ಬೆಳಗ್ಗೆ ಕಂಪ್ಲಿ, ಆಮೇಲೆ ಸಂಡೂರಿನ ಮದುವೆ. ನಡುವೆ ದಾರಿ ತುಂಬ ಅದಿರು ಲಾರಿಗಳ ಸಾಲು. ಬಸ್ಸು ನಿಂತಲ್ಲೇ ನಿಲ್ಲುತ್ತದೆ. ಸುಮಲತಾ ಕೂತಲ್ಲೇ ಚಡಪಡಿಸುತ್ತ ಕ್ಯಾಮೆರಾದ ಗಾಜಿನ ಮೇಲಿನ ಕೆಂಪು ಧೂಳು ಒರೆಸುತ್ತಾರೆ. "ಕಂಪ್ಲ್ಯಾಗಿದ್ರ ಸಂಡೂರಿನ ಚಿಂತಿ, ಸಂಡೂರಾಗಿದ್ರ ಅಜ್ಜಾರ ಚಿಂತಿ. ಮದಿವಿ ಮನ್ಯಾಗ ಫೋನ್ ಬಂದ್ರ ಎದಿ ಧಸಕ್ ಅಂತೈತಿ, ಅವ್ರಿಗೇನರ ಆತೇನೋ ಅಂತ."

ಅಜ್ಜ ಸಿಕ್ಕಿದ್ದೂ ಮದುವೆಯಲ್ಲೇ. ಕಂಪ್ಲಿಯ ಗಿರಣಿ ಮಾಲೀಕರ ಮನೆಯ ಚಪ್ಪರದ ಮೂಲೆಯಲ್ಲಿ ಕುಳಿತಿದ್ದ ಮುದುಕನನ್ನು ಕಂಡು ಒಬ್ಬ ಅಜ್ಜಿ ಮೊಮ್ಮಗಳನ್ನು ಸರಕ್ಕನೆ ಎಳೆದುಕೊಂಡಿದ್ದಳು. ಕುತೂಹಲದಿಂದ ಸುಮಲತಾ ಕ್ಯಾಮೆರಾ ತಿರುಗಿಸಿ, "ನೀವು ಯಾರ್ರಿ ಅಜ್ಜಾರ?" ಎಂದು ಕೇಳಿದರು. ಮುದುಕ ಒಮ್ಮೆ ಗಹಗಹಿಸಿ ನಕ್ಕರು. ಊಟಕ್ಕೆ ಕುಳಿತ ಪಂಕ್ತಿಯೆಲ್ಲ ತುತ್ತು ತಡೆದು ತಿರುಗಿ ನೋಡಿತು. "ಆ ನಗು ಕೇಳಿ ಮೈ ಜುಮ್ ಅಂತು. ಆಮ್ಯಾಲೆ ನೋಡಿದ್ರ ಮನಶ್ಯಾ ಬೆಣ್ಣಿ."

ಆ ನಗುವಿನಿಂದ ವಿರುಪಾಕ್ಷಪ್ಪ ಪಟ್ಟ ಪಾಡು ಸಣ್ಣದಲ್ಲ. ಕೆಲಸ ಕಡಿಮೆಯಾಗಿ ಊರಿಗೆ ಮರಳಿದಾಗ ಬಾಡಿಗೆ ಮನೆ ಸಿಗಲಿಲ್ಲ. ನೋಡಿಬಂದ ಹೆಣ್ಣುಗಳ ಮನೆಯವರು ಒಲ್ಲೆವು ಎಂದರು. ಕೊನೆಗೆ ಉಚ್ಚೆಂಗಮ್ಮ ಒಪ್ಪಿದ್ದೇಕೆ? "ನಾ ಇವ್ರ ಸಿನಿಮಾ ಒಂದೂ ನೋಡಿದ್ದಿಲ್ಲ. ಮದಿವಿ ಆದ ಮ್ಯಾಲೂ ನೋಡಬಾರ್ದು ಅಂತ ಆಣಿ ಮಾಡಿದ್ದೆ. ನೋಡಿ, ಮತ್ತ ಒಂದಾ ಮನ್ಯಾಗ ಬಾಳೇ ಮಾಡಾದು ಹೆಂಗ?"

ನಟನ ಚಿತ್ರಗಳೇ ಇಲ್ಲದೆ ನಟನ ಕಥೆ ಹೇಳುವುದು ಹೇಗೆ? ಸುಮಲತಾ ಹುಡುಕಲು ಹೊರಟರು. ಒಂದು ಕಡೆ ಹಳೆಯ ರೀಲುಗಳನ್ನು ಗುಜರಿಗೆ ಹಾಕಿದ್ದರು, ಇನ್ನೊಂದು ಕಡೆ ಇಲಿ ತಿಂದಿತ್ತು. ಕೊನೆಗೆ, ಹಿಂದೆ ಕಂಪ್ಲಿಯ ಟೆಂಟ್ ಸಿನಿಮಾದಲ್ಲಿ ಯಂತ್ರ ನಡೆಸುತ್ತಿದ್ದ ಎರ್ರಿಯಪ್ಪ ತಮ್ಮ ಅಟ್ಟದಿಂದ ಒಂದು ತಗಡಿನ ಡಬ್ಬಿ ಇಳಿಸಿದರು. ಒಳಗಿನ ರೀಲುಗಳು ಒಂದಕ್ಕೊಂದು ಅಂಟಿದ್ದವು. ಓಡುವ ಸ್ಥಿತಿಯಲ್ಲಿದ್ದದ್ದು ಒಂದೇ. ಅದನ್ನು ಎರ್ರಿಯಪ್ಪ ಅರಳೆಯಿಂದ ಒರೆಸಿ ಒರೆಸಿ ಸರಿಮಾಡಿದರು. ಹೊಸಪೇಟೆಯ ಹಳೆಯ ಥಿಯೇಟರಿನವರು, ಮಾರ್ನಿಂಗ್ ಷೋಗೆ ಮೊದಲು ಬಂದು ನೋಡಿಕೊಳ್ಳಿ ಎಂದರು.

ಅಜ್ಜನನ್ನು ಅಲ್ಲಿಗೆ ಕರೆತಂದರೆ ಹಿಡಿದು ಕೂರಿಸಲು ಯಾರಾದರೂ ಬೇಕಿತ್ತು. ಹೀಗಾಗಿ ಉಚ್ಚೆಂಗಮ್ಮನೂ ಬಂದರು, ಕಣ್ಣು ಮುಚ್ಚಿ ಕೂರುತ್ತೇನೆ ಎಂಬ ಷರತ್ತಿನ ಮೇಲೆ. ಪರದೆಯ ಮೇಲೆ ಸಾಹುಕಾರ ವಿರುಪಾಕ್ಷಪ್ಪ, ಕಾಲಿಗೆ ಬಿದ್ದ ವಿಧವೆಯ ತುರುಬು ಹಿಡಿದು ಅಂಗಳಕ್ಕೆ ಎಳೆದ. ಕೈಯೆತ್ತಿ ಬಾರಿಸಿದ. ಆ ಹೆಂಗಸಿನ ಕೂಗು ಕೇಳಿ ಉಚ್ಚೆಂಗಮ್ಮ ಕಣ್ಣು ಬಿಟ್ಟರು. ನೋಡನೋಡುತ್ತ ಎದ್ದೇ ನಿಂತರು. "ಬಿಡೋ ಆಕಿನ್ನ, ಭಾಡ್ಯಾ! ನಿನ್ನ ಕೈ ಬಿದ್ದುಹೋಗ!"

ಖಾಲಿ ಥಿಯೇಟರಿನಲ್ಲಿ ಆ ಮಾತು ಮೊಳಗಿತು. ತಾವು ಶಾಪ ಹಾಕಿದ್ದು ಯಾವ ಕೈಗೆ ಎಂದು ಉಚ್ಚೆಂಗಮ್ಮನಿಗೆ ಆಮೇಲೆ ಹೊಳೆಯಿತು. ಕುಸಿದು ಕುಳಿತು, ಗಂಡನ ಬಲಗೈ ತಡಕಿ ಮಡಿಲಲ್ಲಿಟ್ಟುಕೊಂಡು ಬಿಕ್ಕತೊಡಗಿದರು. ಸುಮಲತಾ ಪಕ್ಕದ ಸಾಲಿನಲ್ಲಿ ಅವರಿಬ್ಬರತ್ತ ಕ್ಯಾಮೆರಾ ತಿರುಗಿಸಿ ಕುಳಿತಿದ್ದರು. "ಕ್ಯಾಮೆರಾ ಬಂದ್ ಮಾಡ್ಲೋ ಬ್ಯಾಡೋ ತಿಳೀಲಿಲ್ರಿ. ಮಾಡ್ಲಿಲ್ಲ."

ಮರುವಾರ ಕಂಪ್ಲಿಗೆ ಹೋದರೆ ಬಾಗಿಲಲ್ಲೇ ತಡೆ. "ಅದನ್ನ ಅಳಿಸಿ ಹಾಕು, ಇಲ್ಲಂದ್ರ ಹೊಸ್ತಿಲ ತುಳೀಬ್ಯಾಡ" ಎಂದರು ಉಚ್ಚೆಂಗಮ್ಮ. ಇಟ್ಟರೆ ಆ ತಾಯಿಗೆ ನೋವು, ತೆಗೆದರೆ ಚಿತ್ರಕ್ಕೆ ಜೀವವಿಲ್ಲ. ಮದುವೆ ಮನೆಗಳಲ್ಲಿ ಸುಮಲತಾಗೆ ಮುಹೂರ್ತದ ಶಾಟೇ ತಪ್ಪಿಹೋಗುವಷ್ಟು ತಲೆ ಕೆಟ್ಟಿತು. ಅತ್ತ ಅಜ್ಜನ ಮಾತು ದಿನದಿನಕ್ಕೂ ಇಂಗುತ್ತಿದೆ ಎಂದು ಎರ್ರಿಯಪ್ಪ ಸುದ್ದಿ ಕಳಿಸುತ್ತಿದ್ದರು.

ಕಡೆಗೆ ಆಕೆ ಟೇಪನ್ನೇ ತೆಗೆದುಕೊಂಡು ಹೋದರು. "ಅಮ್ಮಾ, ಒಮ್ಮೆ ನೋಡ್ರಿ. ಆಮ್ಯಾಲೂ ಅಳಸಂದ್ರ ನಿಮ್ಮ ಮುಂದಾ ಅಳಸ್ತೀನಿ." ಕ್ಯಾಮೆರಾದ ಅಂಗೈಯಗಲದ ಪರದೆಗೆ ಉಚ್ಚೆಂಗಮ್ಮ ಕಣ್ಣು ಹತ್ತಿರ ಒಯ್ದರು. ಅಂದು ಪರದೆ ನೋಡುತ್ತ ಬೈದು, ಆಮೇಲೆ ತಲೆ ತಗ್ಗಿಸಿ ಅತ್ತವರಿಗೆ ಗಂಡನ ಮುಖ ಕಂಡಿರಲಿಲ್ಲ. ಈಗ ಕಂಡಿತು. ಹೆಂಡತಿ ಬೈಯುತ್ತಿದ್ದಂತೆ ಆ ಸೊಟ್ಟಾದ ಬಾಯಿ ಅರಳಿ, ಮುದುಕ ಎಳೆಗೂಸಿನ ಹಾಗೆ ನಗುತ್ತಿದ್ದರು.

"ಯಾಕ ನಕ್ರಿ?" ಎಂದು ಉಚ್ಚೆಂಗಮ್ಮ ಗಂಡನತ್ತ ತಿರುಗಿದರು.

"ಮನ್ಯಾಗ ಚೇಳು ಬಂದ್ರ ನಿನ್ನ ಕರೆಯಾಂವ ನಾ. ಅದು ಗೊತ್ತಿದ್ದ ನೀನೂ ಆ ಸಾಹುಕಾರ ಖರೇ ಅಂತ ನಂಬಿಬಿಟ್ಟೆಲ್ಲ!" ವಿರುಪಾಕ್ಷಪ್ಪ ತೊದಲುತ್ತಲೇ ಹೇಳಿದರು. "ನನ್ನ ಪಾಲಿಗೆ ಪ್ರಶಸ್ತಿ ಬಂತು ಅಂತ ನಕ್ಕೆ."

ಉಚ್ಚೆಂಗಮ್ಮ ಕ್ಯಾಮೆರಾವನ್ನು ಸುಮಲತಾ ಕಡೆ ಸರಿಸಿ, "ಇರ್ಲಿ ಬಿಡವ್ವ. ನಾ ಬೈದಿದ್ದು ಪಡದ್ಯಾಗಿನಾಂವನ್ನ" ಎಂದರು.

ಚಿತ್ರ ಇನ್ನೂ ಮುಗಿದಿಲ್ಲ. ಮದರಾಸಿನ ದಿನಗಳ ಮಾತು ಬಾಕಿ ಇದೆ. ಇವತ್ತು ಅಜ್ಜ ಹೇಳಿದ್ದು ಎರಡೇ ಪ್ರಸಂಗ. ಮೂರನೆಯದಕ್ಕೆ ನಾಲಿಗೆ ಸೋತಿತು. ಸುಮಲತಾ ವೈರು ಸುತ್ತಿ, ಚೀಲ ಹೆಗಲಿಗೇರಿಸಿ ಆಗಲೇ ಓಣಿಗೆ ಇಳಿದಿದ್ದಾರೆ. ಸಂಡೂರಿನಲ್ಲಿ ಮದುಮಗಳು ಕಾಯುತ್ತಿದ್ದಾಳೆ. ಮುಗಿದ ಮೇಲೆ ಎಲ್ಲಿ ತೋರಿಸುತ್ತೀರಿ, ಬೆಂಗಳೂರಿನಲ್ಲಾ ಎಂದು ಕೇಳಿದರೆ ಕೈಯಾಡಿಸಿಬಿಡುತ್ತಾರೆ.

"ಬೆಂಗ್ಳೂರು ಯಾಕ್ರಿ? ಇಲ್ಲೇ ಕಂಪ್ಲ್ಯಾಗ, ಊರ ಮಂದಿನ್ನೆಲ್ಲ ಕೂಡ್ಸಿ ತೋರಸ್ಬೇಕು. ಅಜ್ಜಾರು ಮುಂದಿನ ಸಾಲಿನ್ಯಾಗ ಕುಂತಿರಬೇಕು. ಅಷ್ಟೂ ಮಂದಿ ಬಾಯಿ ತುಂಬ ಅವ್ರನ್ನ ಬೈಬೇಕು."